ಕೊಲೆಕ್ಟಮಿಯೋ, ಕೊಲಾಸ್ಟಮಿಯೋ?

ಪ್ರಶ್ನೆ: ತಂದೆಯವರ ಡಿಸ್ಚಾರ್ಜ್ ಚೀಟಿಯಲ್ಲಿ ಒಂದೆಡೆ ಕೊಲೆಕ್ಟಮಿ, ಇನ್ನೊಂದೆಡೆ ಕೊಲಾಸ್ಟಮಿ ಎಂದಿದೆ. ಬರೆಯುವಾಗ ತಪ್ಪಾಗಿದೆಯೇ?

ಉತ್ತರ: ತಪ್ಪೇ ಆಗಿರಬೇಕೆಂದಿಲ್ಲ, ಒಂದೇ ಆಪರೇಷನ್‌ನಲ್ಲಿ ಎರಡೂ ಆಗುವುದುಂಟು. ಮೂಲ ಗ್ರೀಕ್. ‘ಎಕ್ಟಮಿ’ ಎಂದರೆ ಕತ್ತರಿಸಿ ತೆಗೆಯುವುದು: ದೊಡ್ಡ ಕರುಳಿನ ಭಾಗ ಹೋಗಿದೆ. ‘ಸ್ಟೋಮಾ’ ಎಂದರೆ ಬಾಯಿ: ಕರುಳನ್ನು ಹೊಟ್ಟೆಯ ಮೇಲೆ ತೆರೆದು (ಆ ತೆರಪಿಗೂ ಸ್ಟೋಮಾ ಎಂದೇ ಹೆಸರು) ಮಲಕ್ಕೆ ಚೀಲ ಅಂಟಿಸಿದ್ದಾರೆ. (ಬರೀ ‘ಟಮಿ’ ಎಂದಿದ್ದರೆ ಕೊಯ್ದದ್ದಷ್ಟೆ.)

ಮನೆಯಲ್ಲಿ ನಿಮಗೆ ಕೆಲಸ ಕೊಡುವುದು ಎರಡನೆಯದು. ಚೀಲದ ಅಂಟುಬಿಲ್ಲೆಯ ತೂತು ಸ್ಟೋಮಾಕ್ಕಿಂತ 2–3 ಮಿ.ಮೀ. ಮಾತ್ರ ದೊಡ್ಡದಿರಲಿ, ಹೆಚ್ಚಾದರೆ ಮಲ ತಾಗಿ ಚರ್ಮ ಸುಲಿಯುತ್ತದೆ, ಬಿಗಿಯಾದರೆ ಸ್ಟೋಮಾಕ್ಕೇ ಗಾಯ. ಮೊದಲ 6–8 ವಾರ ಊತ ಇಳಿಯುತ್ತಿರುತ್ತದೆ, ವಾರಕ್ಕೊಮ್ಮೆ ಅಳೆಯಿರಿ. ಚೀಲ ಮೂರನೇ ಒಂದು ಭಾಗ ತುಂಬಿದಾಗಲೇ ಖಾಲಿ ಮಾಡಿ. ಸ್ಟೋಮಾ ಒದ್ದೆಯಾಗಿ ಕೆಂಪಗಿರಬೇಕು. ಕಪ್ಪಾದರೆ ತಕ್ಷಣ ಸರ್ಜನ್‌ಗೆ ತೋರಿಸಿ.