ಒಂದು ಗಂಟೆಗೆ ಏಳು ವರ್ಷ: ಓದುಗರ ಪ್ರಶ್ನೆ, ಮೇಷ್ಟರ ಉತ್ತರ

ಪ್ರಶ್ನೆ: ‘ಇಂಟರ್‌ಸ್ಟೆಲ್ಲರ್’ ಚಿತ್ರದಲ್ಲಿ ಗಾರ್ಗಾಂಟುವಾ ಎಂಬ ಕಪ್ಪುಕುಳಿ (ಬ್ಲ್ಯಾಕ್ ಹೋಲ್) ಬರುತ್ತದೆ. ಅದರ ಹತ್ತಿರದ ಗ್ರಹದಲ್ಲಿ ಒಂದು ಗಂಟೆ ಇದ್ದರೆ ಭೂಮಿಯಲ್ಲಿ ಏಳು ವರ್ಷ ಕಳೆದಿರುತ್ತದಂತೆ. ಬರೀ ಕಟ್ಟುಕಥೆ ಎಂದು ಮಗನಿಗೆ ಹೇಳಿದೆ, ಅವನು ಒಪ್ಪುತ್ತಿಲ್ಲ. ಯಾರದು ಸರಿ?
– ಓದುಗರೊಬ್ಬರು, ಶಿರಸಿ

ಉತ್ತರ: ನಾನು ನಿಮ್ಮ ಮಗನ ಪಕ್ಷ, ಆದರೆ ಪೂರ್ತಿಯಾಗಿ ಅಲ್ಲ.

2014ರ ಆ ಚಿತ್ರಕ್ಕೆ ವಿಜ್ಞಾನದ ಸಲಹೆ ಕೊಟ್ಟವರು ಕಿಪ್ ಥಾರ್ನ್. ಗುರುತ್ವ ಅಲೆಗಳ (ಭಾರೀ ಕಾಯಗಳ ಚಲನೆಯಿಂದ ಸ್ಥಳ ಮತ್ತು ಕಾಲದಲ್ಲೇ ಏಳುವ ಅಲೆಗಳ) ಪತ್ತೆಗಾಗಿ 2017ರಲ್ಲಿ ನೊಬೆಲ್ ಪಡೆದ ಮೂವರಲ್ಲಿ ಅವರೂ ಒಬ್ಬರು. ಕಥೆಗೆ ಏಳು ವರ್ಷವೇ ಬೇಕು, ಕಡಿಮೆ ಆಗದು ಎಂದು ನಿರ್ದೇಶಕರು ಪಟ್ಟು ಹಿಡಿದರು. ಏಳು ವರ್ಷ ಎಂದರೆ ಸುಮಾರು 61 ಸಾವಿರ ಗಂಟೆ. ಕಾಲ ಅಷ್ಟು ಪಟ್ಟು ನಿಧಾನವಾಗಬೇಕು.

ಕಪ್ಪುಕುಳಿ ಭಾರವಾದಷ್ಟೂ ಅದನ್ನು ಸುತ್ತುವ ಗ್ರಹದಲ್ಲಿ ಕಾಲ ನಿಧಾನವಾಗುತ್ತದೆ ಎಂದು ಬಹಳ ಜನ ನಂಬಿದ್ದಾರೆ. ಇದನ್ನು ತಿದ್ದಲೇಬೇಕು. ತನ್ನ ಸುತ್ತ ತಾನು ತಿರುಗದ ಕಪ್ಪುಕುಳಿಯೊಂದನ್ನು ತೆಗೆದುಕೊಳ್ಳಿ. ಒಳಕ್ಕೆ ಬೀಳದೆ, ಸ್ಥಿರವಾಗಿ ಸುತ್ತಲು ಸಾಧ್ಯವಿರುವ ಅತಿ ಹತ್ತಿರದ ಕಕ್ಷೆಯಲ್ಲಿ ಗ್ರಹವೊಂದು ಇದೆ ಎನ್ನಿ. ಅಲ್ಲಿ ಒಂದು ಗಂಟೆ ಕಳೆದರೆ ದೂರದಲ್ಲಿರುವ ನಮಗೆ ಕಳೆಯುವುದು 1 ಗಂಟೆ 25 ನಿಮಿಷ. ಕಪ್ಪುಕುಳಿ ಹತ್ತು ಸೂರ್ಯರಷ್ಟು ತೂಗಲಿ, ಹತ್ತು ಕೋಟಿ ಸೂರ್ಯರಷ್ಟು ತೂಗಲಿ, ಉತ್ತರ ಬದಲಾಗುವುದಿಲ್ಲ!

ಬದಲಾಯಿಸುವುದು ತಿರುಗುವ ವೇಗ. ತಿರುಗುವ ಕಪ್ಪುಕುಳಿಯ ಗಣಿತವನ್ನು ನ್ಯೂಜಿಲೆಂಡಿನ ರಾಯ್ ಕೆರ್ 1963ರಲ್ಲಿ ಬಿಡಿಸಿದರು. ಅಂಥ ಕಪ್ಪುಕುಳಿ ಸುತ್ತಲಿನ ದೇಶಕಾಲವನ್ನೇ, ಅಂದರೆ ಸ್ಥಳ ಮತ್ತು ಕಾಲ ಹೆಣೆದುಕೊಂಡ ಹಂದರವನ್ನೇ, ತನ್ನ ಜೊತೆ ಎಳೆದುಕೊಂಡು ತಿರುಗುತ್ತದೆ. ಅದೇ ದಿಕ್ಕಿನಲ್ಲಿ ಸುತ್ತುವ ಗ್ರಹ ಇನ್ನೂ ಒಳಗೆ ಸರಿದು, ಬೀಳದೆ ಉಳಿಯಬಲ್ಲದು. ಒಳಗೆ ಸರಿದಷ್ಟೂ ಕಾಲ ನಿಧಾನ. ಏಳು ವರ್ಷ ಬರಬೇಕಾದರೆ ಗಾರ್ಗಾಂಟುವಾದ ವೇಗ ಪ್ರಕೃತಿಯ ಗರಿಷ್ಠ ಮಿತಿಗಿಂತ ನೂರು ಲಕ್ಷ ಕೋಟಿಯಲ್ಲಿ ಒಂದು ಪಾಲಿನಷ್ಟೇ ಕಡಿಮೆ ಇರಬೇಕು ಎಂದು ಥಾರ್ನ್ ಲೆಕ್ಕ ಹಾಕಿದರು. ಸಮೀಕರಣಗಳು ಇದನ್ನು ತಡೆಯುವುದಿಲ್ಲ. ಹಾಗಾಗಿ ಅಷ್ಟರಮಟ್ಟಿಗೆ ನಿಮ್ಮ ಮಗ ಗೆದ್ದ.

ಆದರೆ ಅಂಥ ವೇಗ ಹುಟ್ಟುವುದು ಹೇಗೆ? ಸುತ್ತಲಿನ ಬಿಸಿ ಅನಿಲವನ್ನು ನುಂಗುತ್ತಾ ವೇಗ ಗಳಿಸುವ ಕಪ್ಪುಕುಳಿ, ಮಿತಿಯ ಶೇ 99.8ರ ಹತ್ತಿರ ನಿಂತುಬಿಡುತ್ತದೆ. ಅನಿಲ ಹೊಮ್ಮಿಸುವ ಬೆಳಕಿನಲ್ಲಿ ಒಂದಷ್ಟು ಅದರೊಳಗೆ ಬಿದ್ದು ತಿರುಗುವಿಕೆಗೆ ತಡೆಯೊಡ್ಡುತ್ತದೆ. ಇದನ್ನು 1974ರಲ್ಲಿ ತೋರಿಸಿದವರೂ ಇದೇ ಥಾರ್ನ್. ಶೇ 99.8ಕ್ಕೆ ಕೆರ್ ಸೂತ್ರ ಹಾಕಿ ನೋಡಿದರೆ ಒಂದು ಗಂಟೆಗೆ ಸುಮಾರು 11 ಗಂಟೆ ಬರುತ್ತದೆ. ಚಿತ್ರದ ಏಳು ವರ್ಷಕ್ಕಿಂತ ನನಗೆ ಈ 11 ಗಂಟೆಯ ಮೇಲೆಯೇ ಪ್ರೀತಿ. ಈ ಕ್ಷಣ ಯಾವುದೋ ಗೆಲಾಕ್ಸಿಯ ನಡುವೆ ಅದು ನಿಜವಾಗಿ ನಡೆಯುತ್ತಿರಬಹುದು.

ಗಾರ್ಗಾಂಟುವಾಕ್ಕೆ 10 ಕೋಟಿ ಸೂರ್ಯರ ತೂಕ ಕೊಟ್ಟಿದ್ದು ಬೇರೆ ಕಾರಣಕ್ಕೆ: ಅದಕ್ಕಿಂತ ಬಹಳ ಹಗುರವಾಗಿದ್ದರೆ ಅಷ್ಟು ಹತ್ತಿರದ ಗ್ರಹವನ್ನು ಅದರ ಸೆಳೆತ ಎಳೆದು ಚೂರು ಮಾಡುತ್ತಿತ್ತು.

ಪ್ರಶ್ನೆ: ಸರ್, ಅಲ್ಲಿ ನಿಧಾನವಾಗುವುದು ಗಡಿಯಾರ ಮಾತ್ರವೇ? ಮನುಷ್ಯನ ವಯಸ್ಸೂ ನಿಧಾನವಾಗುತ್ತದೆಯೇ?
– ಪಿಯು ವಿದ್ಯಾರ್ಥಿನಿ, ಹಾಸನ

ಉತ್ತರ: ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುತ್ತಿದ್ದಾಗ ಈ ಪ್ರಶ್ನೆಗಾಗಿ ನಾನು ಕಾಯುತ್ತಿದ್ದೆ. ಯಾರೂ ಕೇಳದೆ ಹೋದ ವರ್ಷ ಪಾಠ ಅರ್ಧಕ್ಕೇ ನಿಂತಂತೆ ಅನಿಸುತ್ತಿತ್ತು. ಹೌದಮ್ಮ, ವಯಸ್ಸೂ ನಿಧಾನವಾಗುತ್ತದೆ. ಎದೆಬಡಿತ, ಹಸಿವು, ಕೂದಲು ನರೆಯುವುದು, ಎಲ್ಲವೂ. ಆದರೆ ಅಲ್ಲಿರುವವಳಿಗೆ ಅದು ಗೊತ್ತೇ ಆಗುವುದಿಲ್ಲ. ಅವಳ ಒಂದು ಗಂಟೆಯಲ್ಲಿ ಒಂದು ಗಂಟೆಯಷ್ಟೇ ಓದಬಹುದು. ಚಿತ್ರದಲ್ಲಿ ಗ್ರಹಕ್ಕೆ ಇಳಿದವರು ಹೋದಂತೆಯೇ ಮರಳುತ್ತಾರೆ, ನೌಕೆಯಲ್ಲಿ ಕಾದಿದ್ದ ಗೆಳೆಯನ ವಯಸ್ಸು ಮಾತ್ರ 23 ವರ್ಷ ಹೆಚ್ಚಾಗಿರುತ್ತದೆ.

ಇದಕ್ಕೆ ಕಪ್ಪುಕುಳಿಯೇ ಬೇಕೆಂದಿಲ್ಲ. ಭೂಮಿಗೆ ಹತ್ತಿರವಾದಷ್ಟೂ ಕಾಲ ಒಂದಿಷ್ಟು ನಿಧಾನ. ಹಾರ್ವರ್ಡ್‌ನಲ್ಲಿ ಭೌತವಿಜ್ಞಾನಿಗಳಾದ ಪೌಂಡ್ ಮತ್ತು ರೆಬ್ಕಾ 22.5 ಮೀಟರ್ ಎತ್ತರದ ವ್ಯತ್ಯಾಸದಲ್ಲೇ ಈ ಪರಿಣಾಮವನ್ನು ಅಳೆದು 1960ರಲ್ಲಿ ಪ್ರಕಟಿಸಿದರು. ಬಹಳ ಎತ್ತರದಲ್ಲಿರುವ ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತವೆ. ಅಷ್ಟು ಹೊತ್ತಿನಲ್ಲಿ ಬೆಳಕು 11 ಕಿ.ಮೀ. ದಾಟುತ್ತದೆ, ಆದ್ದರಿಂದ ತಿದ್ದದೆ ಗತಿಯಿಲ್ಲ. ನಿನ್ನೂರಿನಲ್ಲೇ ಇಸ್ರೋದ ಮುಖ್ಯ ನಿಯಂತ್ರಣ ಕೇಂದ್ರವಿದೆ. ಜಿಪಿಎಸ್‌ನಂತೆಯೇ ದಾರಿ ತೋರುವ ನಮ್ಮ ನಾವಿಕ್ ಉಪಗ್ರಹಗಳ ಪರಮಾಣು ಗಡಿಯಾರಗಳಿಗೂ ಇದೇ ಬಗೆಯ ತಿದ್ದುಪಡಿ ಬೇಕು.

ಪ್ರಶ್ನೆ: ಕಪ್ಪುಕುಳಿಗಳ ಅಧ್ಯಯನದಲ್ಲಿ ಕನ್ನಡಿಗರು ಯಾರಾದರೂ ಇದ್ದಾರೆಯೇ?
– ಪ್ರೌಢಶಾಲಾ ಶಿಕ್ಷಕರು, ದಾವಣಗೆರೆ

ಉತ್ತರ: ಈ ಪ್ರಶ್ನೆ ಇನ್ನೂ ಕೇಳಬೇಕಾಗಿ ಬಂದಿರುವುದೇ ನನಗೆ ನೋವು. ಬೆಂಗಳೂರಿನಲ್ಲಿ ಹುಟ್ಟಿ, ಮೈಸೂರು ವಿಶ್ವವಿದ್ಯಾಲಯದಲ್ಲಿ ಓದಿದ ಸಿ.ವಿ. ವಿಶ್ವೇಶ್ವರ ಅವರು 1970ರಲ್ಲೇ ತೋರಿಸಿಕೊಟ್ಟರು: ಕಪ್ಪುಕುಳಿಯನ್ನು ಅಲುಗಿಸಿದರೆ ಅದು ಬಡಿದ ಗಂಟೆಯಂತೆ ತನ್ನದೇ ಸ್ವರದಲ್ಲಿ ಕಂಪಿಸಿ, ಬೇಗನೆ ಶಾಂತವಾಗುತ್ತದೆ. ಆಗ ಕಪ್ಪುಕುಳಿ ಇದೆಯೆಂದೇ ಎಲ್ಲರೂ ಒಪ್ಪಿರಲಿಲ್ಲ. 2015ರ ಸೆಪ್ಟೆಂಬರ್ 14ರಂದು ಎರಡು ಕಪ್ಪುಕುಳಿಗಳು ಕೂಡಿದ ಗುರುತ್ವ ಅಲೆ ಭೂಮಿಗೆ ಬಂದು ತಟ್ಟಿತು. ಅದರ ಕೊನೆಯಲ್ಲಿ ಆ ಕಂಪನದ ಗುರುತಿತ್ತು. 2016ರ ಫೆಬ್ರುವರಿಯಲ್ಲಿ ಸುದ್ದಿ ಹೊರಬಿದ್ದಾಗ ವಿಶ್ವೇಶ್ವರ ನಮ್ಮ ನಡುವೆ ಇದ್ದರು. ಮರುವರ್ಷ ಜನವರಿಯಲ್ಲಿ ತೀರಿಕೊಂಡರು. ಬೆಂಗಳೂರಿನ ಜವಾಹರಲಾಲ್ ನೆಹರೂ ತಾರಾಲಯದ ಸ್ಥಾಪಕ ನಿರ್ದೇಶಕರೂ ಅವರೇ. ಮಕ್ಕಳನ್ನು ಶೈಕ್ಷಣಿಕ ಪ್ರವಾಸಕ್ಕೆ ಬೆಂಗಳೂರಿಗೆ ಕರೆತರುವಾಗ ತಾರಾಲಯವನ್ನು ಪಟ್ಟಿಯ ಮೊದಲಲ್ಲಿ ಬರೆದುಕೊಳ್ಳಿ, ಅವರ ಹೆಸರನ್ನೂ ಮಕ್ಕಳಿಗೆ ಹೇಳಿ.