ದೂರದ ದೇಶದ ಬಡತನ ನಮ್ಮ ಭದ್ರತೆಗೆ ಹೇಗೆ ಸಂಬಂಧಿಸುತ್ತದೆ?

ಎಲ್ಲೋ ಒಂದು ಬಡ ದೇಶದ ಆಡಳಿತ ಕುಸಿದರೆ ದಾವಣಗೆರೆಯ ನಮಗೇನು ಎಂದು ಕೇಳಿದ್ದೀರಿ. ಬಡತನವೊಂದೇ ಹಿಂಸೆಯನ್ನು ಹುಟ್ಟಿಸುವುದಿಲ್ಲ. ಹಾಗೆನ್ನುವುದು ಕೋಟ್ಯಂತರ ಬಡವರಿಗೆ ಮಾಡುವ ಅನ್ಯಾಯ. ಆದರೆ ತೆರಿಗೆ ಸಂಗ್ರಹಿಸಲು, ಗಡಿ ಕಾಯಲು, ನ್ಯಾಯ ಒದಗಿಸಲು ಸರ್ಕಾರಕ್ಕೆ ಶಕ್ತಿಯಿಲ್ಲದಾಗ ಶಸ್ತ್ರಧಾರಿ ಗುಂಪುಗಳು ಬೇರೂರುತ್ತವೆ, ಕೆಲಸವಿಲ್ಲದ ಯುವಕರಿಗೆ ಸಂಬಳ ಕೊಡುವವರೂ ಅವರೇ ಆಗುತ್ತಾರೆ.

ಸೊಮಾಲಿಯಾದಲ್ಲಿ 1991ರಲ್ಲಿ ಕೇಂದ್ರ ಸರ್ಕಾರ ಕುಸಿದ ಮೇಲೆ, ಕಾವಲಿಲ್ಲದ ಅದರ ಕಡಲಿನಲ್ಲಿ ವಿದೇಶಿ ದೋಣಿಗಳು ಅಕ್ರಮವಾಗಿ ಮೀನು ಬಾಚಿಕೊಂಡವು. ಮುಂದೆ ಅದೇ ತೀರದಲ್ಲಿ ಕಡಲ್ಗಳ್ಳತನ ಬೆಳೆದು ಭಾರತೀಯ ನಾವಿಕರೂ ಒತ್ತೆಯಾಳುಗಳಾದರು, 2008ರಿಂದ ನಮ್ಮ ನೌಕಾಪಡೆ ಏಡನ್ ಕೊಲ್ಲಿಯಲ್ಲಿ ಗಸ್ತು ತಿರುಗಬೇಕಾಯಿತು. ಅಂತರ್ಯುದ್ಧದಿಂದ ಜರ್ಜರಿತವಾದ ಯೆಮನ್‌ನಿಂದ 2023ರ ಕೊನೆಯಲ್ಲಿ ಹೂತಿ ಬಂಡುಕೋರರು ಕೆಂಪು ಸಮುದ್ರದ ಹಡಗುಗಳ ಮೇಲೆ ದಾಳಿ ಆರಂಭಿಸಿದಾಗ ಅನೇಕ ಹಡಗುಗಳು ಆಫ್ರಿಕಾವನ್ನು ಸುತ್ತಿ ಸಾಗಿದವು. ಭದ್ರಾ ನಾಲೆಯ ಗದ್ದೆಗಳಿಗೆ ಹಾಕುವ ಪೊಟ್ಯಾಷ್ ಬಹುತೇಕ ಆಮದಿನದು. ಜೋರ್ಡಾನಿನಿಂದ ಬರುವ ಪಾಲಿಗೆ ಆ ಸಮುದ್ರವೇ ದಾರಿ.

ರೋಗಕ್ಕೂ ಇದೇ ಮಾತು ಅನ್ವಯಿಸುತ್ತದೆ. 2014ರಲ್ಲಿ ಎಬೋಲಾ ಹರಡಿದಾಗ ವೈದ್ಯರೇ ವಿರಳವಾಗಿದ್ದ ಗಿನಿ, ಲೈಬೀರಿಯಾ, ಸಿಯೆರಾ ಲಿಯೋನ್‌ಗಳಲ್ಲಿ 11,000ಕ್ಕೂ ಹೆಚ್ಚು ಜನ ಸತ್ತರು. ನೈಜೀರಿಯಾದಲ್ಲೂ ಬಡತನವಿತ್ತು, ಆದರೆ ಪೋಲಿಯೊ ವಿರುದ್ಧ ಕಟ್ಟಿದ್ದ ವ್ಯವಸ್ಥೆಯನ್ನು ಬಳಸಿ ಅದು ಸೋಂಕನ್ನು 20 ಜನರಲ್ಲೇ ತಡೆಯಿತು.