ಶೌರ್ಯ ಪದಕ ಪಡೆದ ಸೈನಿಕ ಆಮೇಲೆ ಬಿಸಿನೆಸ್ ಮಾಡಿ, ರಾಜಕೀಯದಲ್ಲೂ ಗೆದ್ದ ಉದಾಹರಣೆ ಇದೆಯಾ?

ಇದೆ. ಇಂಥ ಪ್ರಶ್ನೆ ಬಂದ ಕೂಡಲೇ ನಮ್ಮ ಕಡೆಯವರ ಬಾಯಿಗೆ ಬರುವ ಹೆಸರು ಕ್ಯಾಪ್ಟನ್ ಗೋಪಿನಾಥ್. ಗೊರೂರಿನವರು, 1971ರ ಯುದ್ಧದಲ್ಲಿ ಇದ್ದವರು, ಏರ್ ಡೆಕ್ಕನ್ ಕಟ್ಟಿದವರು. ಆದರೆ 2009ರಲ್ಲಿ ಬೆಂಗಳೂರು ದಕ್ಷಿಣದಿಂದ ಪಕ್ಷೇತರರಾಗಿ ನಿಂತು ಸೋತರು. ನಿಮಗೆ ಶೌರ್ಯ ಪದಕವೂ ಬೇಕು, ಬಿಸಿನೆಸ್ಸೂ ಬೇಕು, ಚುನಾವಣೆಯಲ್ಲಿ ಗೆದ್ದೂ ಇರಬೇಕು. ಮೂರೂ ಒಬ್ಬರಲ್ಲೇ ಬೇಕೆಂದರೆ ನಾನು ಹೇಳುವುದು ಅಮೆರಿಕದ ಬಾಬ್ ಕೆರ್ರಿ ಹೆಸರನ್ನ. (2004ರಲ್ಲಿ ಅಧ್ಯಕ್ಷ ಚುನಾವಣೆಗೆ ನಿಂತ ಜಾನ್ ಕೆರ್ರಿ ಬೇರೆ. ಅವರೂ ವಿಯೆಟ್ನಾಂ ಯುದ್ಧಕ್ಕೆ ಹೋದವರು, ಅವರೂ ಸೆನೆಟರ್, ಅಂದರೆ ಅಲ್ಲಿನ ಸಂಸತ್ತಿನ ಮೇಲ್ಮನೆಯ ಸದಸ್ಯರಾಗಿದ್ದವರು. ಸುಲಭವಾಗಿ ಕಲಸಿಹೋಗುತ್ತದೆ.)

ಮಕ್ಕಳಿಗೆ ಸ್ಫೂರ್ತಿ ತುಂಬಲು ಹೇಳುವ ಕಥೆ ಬೇಕಿದ್ದರೆ ಇದು ಆಗೋದಿಲ್ಲ. ಯಾಕೆ ಅಂತ ಮುಂದೆ ಗೊತ್ತಾಗುತ್ತದೆ.

ಬಾಬ್ ಕೆರ್ರಿ ಹುಟ್ಟಿದ್ದು 1943ರಲ್ಲಿ, ನೆಬ್ರಾಸ್ಕಾ ರಾಜ್ಯದ ಲಿಂಕನ್ ಊರಿನಲ್ಲಿ. ಓದಿದ್ದು ಫಾರ್ಮಸಿ. ಔಷಧಿ ಅಂಗಡಿ ಇಟ್ಟುಕೊಂಡು ಆರಾಮಾಗಿ ಇರಬಹುದಿತ್ತು. ನೌಕಾಪಡೆ ಸೇರಿದರು, ಅಲ್ಲಿಂದ ಸೀಲ್ ಎಂಬ ಕಮಾಂಡೊ ಪಡೆಗೆ ಹೋದರು. 1969ರ ಶುರುವಿನಲ್ಲಿ ವಿಯೆಟ್ನಾಂ ತಲುಪಿದಾಗ ಅವರ ವಯಸ್ಸು 25.

ಪದಕ ಬಂದಿದ್ದು 1969ರ ಮಾರ್ಚ್ 14ರ ರಾತ್ರಿಯ ಕೆಲಸಕ್ಕೆ. ನ್ಯಾ ಟ್ರಾಂಗ್ ಕೊಲ್ಲಿಯ ಒಂದು ದ್ವೀಪದಲ್ಲಿ ವಿಯೆಟ್ ಕಾಂಗ್‌ನ (ಅಮೆರಿಕದ ವಿರುದ್ಧ ಹೋರಾಡುತ್ತಿದ್ದ ಕಮ್ಯುನಿಸ್ಟ್ ಗೆರಿಲ್ಲಾ ಪಡೆ) ಕೆಲವು ಮುಖ್ಯ ಆಳುಗಳು ಬೀಡುಬಿಟ್ಟಿದ್ದಾರೆ ಎಂಬ ಸುದ್ದಿ ಸಿಕ್ಕಿತ್ತು. ಅವರನ್ನು ಜೀವಂತ ಹಿಡಿದು ತರಬೇಕು. ಶತ್ರುವಿನ ಬೆನ್ನ ಹಿಂದೆ ಇಳಿಯಬೇಕಾದರೆ 350 ಅಡಿ ಕಡಿದಾದ ಬಂಡೆ ಹತ್ತಬೇಕಿತ್ತು. ಕತ್ತಲಲ್ಲಿ ಹತ್ತಿದರು. ತಂಡವನ್ನು ಎರಡು ಭಾಗ ಮಾಡಿಕೊಂಡು ಕೆಳಗೆ ಇಳಿಯುವಾಗ ಗುಂಡಿನ ಮಳೆ ಶುರುವಾಯಿತು. ಒಂದು ಗ್ರೆನೇಡ್ ಕೆರ್ರಿಯ ಕಾಲ ಬುಡದಲ್ಲೇ ಸಿಡಿಯಿತು. ಆ ಹೊಡೆತಕ್ಕೆ ಹಿಂದಕ್ಕೆ ಹಾರಿ ಚೂಪು ಬಂಡೆಗಳ ಮೇಲೆ ಬಿದ್ದರು. ಬಲಗಾಲು ಚಿಂದಿಯಾಗಿತ್ತು, ರಕ್ತ ನಿಲ್ಲುತ್ತಿರಲಿಲ್ಲ. ಬಿದ್ದಲ್ಲಿಂದಲೇ ರೇಡಿಯೊ ಮೂಲಕ ಇನ್ನೊಂದು ತುಕಡಿಗೆ ಎಲ್ಲಿಗೆ ಗುಂಡು ಹಾರಿಸಬೇಕು ಅಂತ ಹೇಳಿಸಿದರು. ಹೆಲಿಕಾಪ್ಟರ್ ಬಂದು ಎತ್ತಿಕೊಂಡು ಹೋಗುವ ತನಕ ಪ್ರಜ್ಞೆ ತಪ್ಪಲಿಲ್ಲ, ಆದೇಶ ಕೊಡುವುದನ್ನೂ ನಿಲ್ಲಿಸಲಿಲ್ಲ.

ಮೊಣಕಾಲಿನ ಕೆಳಗಿನ ಭಾಗವನ್ನು ತೆಗೆಯಬೇಕಾಯಿತು. ಫಿಲಡೆಲ್ಫಿಯಾದ ನೌಕಾಪಡೆ ಆಸ್ಪತ್ರೆಯಲ್ಲಿ ತಿಂಗಳುಗಟ್ಟಲೆ ಇದ್ದರು. 1970ರ ಮೇ 14ರಂದು ಅಧ್ಯಕ್ಷ ನಿಕ್ಸನ್ ಕೈಯಿಂದ ಮೆಡಲ್ ಆಫ್ ಆನರ್ ಪಡೆದರು. ನಮ್ಮ ಪರಮವೀರ ಚಕ್ರದ ಹಾಗೆ ಅಲ್ಲಿನ ಅತಿ ದೊಡ್ಡ ಶೌರ್ಯ ಪದಕ ಅದು. ಸರಿಯಾಗಿ ಹತ್ತು ದಿನ ಮುಂಚೆ ಒಹಾಯೊದ ಕೆಂಟ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಯುದ್ಧ ವಿರೋಧಿ ಪ್ರತಿಭಟನೆಯ ಮೇಲೆ ಗುಂಡು ಹಾರಿಸಿ ನಾಲ್ಕು ವಿದ್ಯಾರ್ಥಿಗಳನ್ನು ಕೊಂದಿದ್ದರು. ದೇಶ ಉರಿಯುತ್ತಿತ್ತು. ಆ ಹೊತ್ತಿಗೆ ಕೆರ್ರಿಗೇ ಈ ಯುದ್ಧದ ಮೇಲೆ ನಂಬಿಕೆ ಹೋಗಿತ್ತು. ಪದಕ ತಗೊಳ್ಳಬೇಕಾ ಬೇಡವಾ ಅಂತ ಹಿಂದೆ ಮುಂದೆ ನೋಡಿದರು. ಕೊನೆಗೆ ತಗೊಂಡರು.

ಊರಿಗೆ ಬಂದು ಭಾವನ ಜೊತೆ ಸೇರಿ ಒಮಾಹಾದಲ್ಲಿ ರೆಸ್ಟೋರೆಂಟ್ ತೆಗೆದರು. ಹೆಸರು ಗ್ರ್ಯಾಂಡ್‌ಮದರ್ಸ್. ಹೋಟೆಲ್ ನಡೆಸುವವರಿಗೆ ಗೊತ್ತು, ಅದು ದಿನವಿಡೀ ನಿಂತೇ ಮಾಡುವ ಕೆಲಸ. ಒಂದು ಕೃತಕ ಕಾಲಿನಲ್ಲಿ ಹೇಗಿದ್ದಿರಬೇಕು, ಯೋಚನೆ ಮಾಡಿ. 1975ರ ಮೇ ತಿಂಗಳಲ್ಲಿ ಒಮಾಹಾಕ್ಕೆ ಭಾರಿ ಸುಂಟರಗಾಳಿ ಬಂದು ಆ ಹೋಟೆಲನ್ನೇ ನೆಲಸಮ ಮಾಡಿತು. ಮತ್ತೆ ಕಟ್ಟಿದರು. ಆಮೇಲೆ ಇನ್ನಷ್ಟು ರೆಸ್ಟೋರೆಂಟ್, ಜೊತೆಗೆ ಜಿಮ್‌ಗಳ ವ್ಯವಹಾರ. ದುಡ್ಡು ಚೆನ್ನಾಗೇ ಆಯಿತು.

1978ರ ತನಕ ರಿಪಬ್ಲಿಕನ್ ಆಗಿದ್ದವರು ಡೆಮಾಕ್ರಟಿಕ್ ಪಕ್ಷಕ್ಕೆ ಬಂದರು. ಪಂಚಾಯಿತಿ ಮೆಂಬರ್ ಕೂಡ ಆಗಿರದ ಮನುಷ್ಯ 1982ರಲ್ಲಿ ನೇರವಾಗಿ ಗವರ್ನರ್ ಹುದ್ದೆಗೇ ನಿಂತು, ಅಧಿಕಾರದಲ್ಲಿದ್ದವರನ್ನು ಸ್ವಲ್ಪದರಲ್ಲಿ ಸೋಲಿಸಿದರು. ಅಲ್ಲಿ ಗವರ್ನರ್ ಅಂದರೆ ನಮ್ಮ ಮುಖ್ಯಮಂತ್ರಿ ಇದ್ದಂತೆ. ಒಂದು ಅವಧಿ ಮುಗಿಸಿ, ಜನಪ್ರಿಯರಾಗಿದ್ದಾಗಲೇ ಸಾಕು ಅಂತ ಬಿಟ್ಟರು. 1989ರಿಂದ 2001ರ ತನಕ ಸೆನೆಟರ್. 1992ರಲ್ಲಿ ಅಧ್ಯಕ್ಷ ಸ್ಥಾನಕ್ಕೆ ಪಕ್ಷದೊಳಗೆ ಸ್ಪರ್ಧಿಸಿ ಕ್ಲಿಂಟನ್ ಎದುರು ಸೋತರು. ಮರುವರ್ಷ ಅದೇ ಕ್ಲಿಂಟನ್ ಅವರ ಬಜೆಟ್ ಸೆನೆಟ್‌ನಲ್ಲಿ 50-50ಕ್ಕೆ ಸಿಕ್ಕಿಕೊಂಡು, ಉಪಾಧ್ಯಕ್ಷ ಗೋರ್ ಮತದಿಂದ ಪಾಸಾಯಿತು. ಕಡೇ ಗಳಿಗೆ ತನಕ ಯಾರ ಕಡೆ ಅಂತ ಹೇಳದೆ ಎಲ್ಲರನ್ನೂ ಕಾಯಿಸಿ, ಕೊನೆಗೆ ಪರ ಮತ ಹಾಕಿ ಅದನ್ನು ಉಳಿಸಿದ್ದು ಈ ಕೆರ್ರಿ.

ಇಲ್ಲಿಗೆ ನಿಲ್ಲಿಸಿದ್ದರೆ ಚೆನ್ನಾಗಿರುತ್ತಿತ್ತು, ಅಲ್ವಾ?

2001ರ ಏಪ್ರಿಲ್‌ನಲ್ಲಿ, ಸೆನೆಟ್ ಬಿಟ್ಟ ಕೆಲವೇ ತಿಂಗಳಿಗೆ, ನ್ಯೂಯಾರ್ಕ್ ಟೈಮ್ಸ್ ಮ್ಯಾಗಝೀನ್ ಮತ್ತು ಸಿಬಿಎಸ್ ಟಿವಿ ಒಂದು ಹಳೆಯ ವಿಷಯ ಹೊರಗೆ ತಂದವು. ಪದಕದ ರಾತ್ರಿಗೆ 17 ದಿನ ಮುಂಚೆ, ಅಂದರೆ 1969ರ ಫೆಬ್ರವರಿ 25ರಂದು, ಕೆರ್ರಿಯ ಏಳು ಜನರ ತಂಡ ಮೆಕಾಂಗ್ ನದೀಮುಖದ ಥಾನ್ ಫಾಂಗ್ ಎಂಬ ಹಳ್ಳಿಗೆ ನುಗ್ಗಿತ್ತು. ಬೆಳಗಾಗುವಷ್ಟರಲ್ಲಿ ಅಲ್ಲಿ ಹನ್ನೆರಡಕ್ಕೂ ಜಾಸ್ತಿ ಜನ ಸತ್ತುಬಿದ್ದಿದ್ದರು. ಹೆಂಗಸರು, ಮಕ್ಕಳು, ಮುದುಕರು. ವರದಿಯಲ್ಲಿ ಬರೆದಿದ್ದು 21 ವಿಯೆಟ್ ಕಾಂಗ್ ಹತ ಅಂತ. ಅದಕ್ಕೂ ಕೆರ್ರಿಗೆ ಒಂದು ಪದಕ ಸಿಕ್ಕಿತು, ಬ್ರಾನ್ಜ್ ಸ್ಟಾರ್.

ಕೆರ್ರಿ ಹೇಳುವುದು, ಕತ್ತಲಲ್ಲಿ ನಮ್ಮ ಮೇಲೆ ಗುಂಡು ಬಂತು, ತಿರುಗಿ ಹಾರಿಸಿದೆವು, ಹತ್ತಿರ ಹೋಗಿ ನೋಡಿದರೆ ಹೆಂಗಸರು, ಮಕ್ಕಳು ಅಂತ. ಅದೇ ತಂಡದಲ್ಲಿದ್ದ ಗೆರ್ಹಾರ್ಡ್ ಕ್ಲಾನ್ ಹೇಳುವುದು, ಅವರನ್ನೆಲ್ಲ ಒಂದು ಕಡೆ ಸೇರಿಸಿ ಹತ್ತಿರದಿಂದಲೇ ಗುಂಡಿಟ್ಟೆವು ಅಂತ. ತಂಡದ ಉಳಿದ ಐವರು ಕೆರ್ರಿಯ ಪರ ನಿಂತರು. ಹಳ್ಳಿಯ ಹೆಂಗಸೊಬ್ಬರ ಮಾತು ಕ್ಲಾನ್ ಹೇಳಿದ್ದಕ್ಕೆ ಹತ್ತಿರವಿತ್ತು. ಯಾವ ಮೊಕದ್ದಮೆಯೂ ಆಗಲಿಲ್ಲ.

ಈಗ ನಮ್ಮವರು ವಿಯೆಟ್ನಾಂ ಟೂರ್‌ಗೆ ಜಾಸ್ತಿ ಹೋಗುತ್ತಾರೆ. ಹೋ ಚಿ ಮಿನ್ ಸಿಟಿಯ ಯುದ್ಧ ಮ್ಯೂಸಿಯಂ ಪ್ಯಾಕೇಜಿನಲ್ಲೇ ಇರುತ್ತದೆ. ಅಲ್ಲಿ ಥಾನ್ ಫಾಂಗ್‌ನಿಂದ ತಂದ ಒಂದು ಕಾಂಕ್ರೀಟ್ ಚರಂಡಿ ಪೈಪ್ ಇಟ್ಟಿದ್ದಾರೆ. ಮೂರು ಮಕ್ಕಳು ಅದರೊಳಗೆ ಅಡಗಿದ್ದರು, ಅವರನ್ನೂ ಕೊಂದರು ಎಂದು ಫಲಕ ಹೇಳುತ್ತದೆ. ಫಲಕದಲ್ಲಿ ಕೆರ್ರಿಯ ಹೆಸರೂ ಇದೆ.

ನನ್ನ ಅಭಿಪ್ರಾಯ ಕೇಳಿದರೆ, ಬಂಡೆ ಹತ್ತಿದ ಧೈರ್ಯ ಸುಳ್ಳಲ್ಲ, ಅದನ್ನು ಯಾರೂ ಕಿತ್ತುಕೊಳ್ಳಲಾರರು. ನನಗೆ ಒಪ್ಪಿಗೆಯಾಗದ್ದು ಮುಂದಿನ 32 ವರ್ಷ. ಒಂದು ರಾತ್ರಿಯ ಹೆಸರಲ್ಲಿ ಮತ ಕೇಳುವಾಗ ಇನ್ನೊಂದು ರಾತ್ರಿಯ ಬಗ್ಗೆ ಮತದಾರನಿಗೆ ಗೊತ್ತೇ ಇರಲಿಲ್ಲ. ಪತ್ರಕರ್ತರು ಬಾಗಿಲಿಗೆ ಬಂದ ಮೇಲೆ ಬಾಯಿ ಬಿಟ್ಟರು. ಬಿಟ್ಟ ಮೇಲೆ ಅದನ್ನು ಶೌರ್ಯ ಅಂತ ಸಮರ್ಥಿಸಿಕೊಳ್ಳಲಿಲ್ಲ, ನಾಚಿಕೆಯಾಗುತ್ತದೆ ಅಂದರು. ಅಷ್ಟು ಮಾತ್ರ ಅವರ ಲೆಕ್ಕಕ್ಕೆ ಹಾಕುತ್ತೇನೆ.

ಆಮೇಲೂ ಸಾರ್ವಜನಿಕ ಬದುಕು ನಿಲ್ಲಲಿಲ್ಲ. ಸೆನೆಟ್ ಬಿಟ್ಟ ಕೂಡಲೇ ನ್ಯೂಯಾರ್ಕಿನ ನ್ಯೂ ಸ್ಕೂಲ್ ವಿಶ್ವವಿದ್ಯಾಲಯದ ಅಧ್ಯಕ್ಷರಾಗಿದ್ದರು, ಅಲ್ಲೇ ಮುಂದುವರಿದರು. 9/11 ದಾಳಿಯ ತನಿಖಾ ಆಯೋಗದಲ್ಲಿದ್ದರು. 2012ರಲ್ಲಿ ಮತ್ತೆ ಸೆನೆಟ್‌ಗೆ ನಿಂತು ಸೋತರು. 2016ರಲ್ಲಿ ಅಮೆರಿಕದ ಬೆಂಬಲದಿಂದ ವಿಯೆಟ್ನಾಂನಲ್ಲೇ ಶುರುವಾದ ಫುಲ್‌ಬ್ರೈಟ್ ವಿಶ್ವವಿದ್ಯಾಲಯದ ಟ್ರಸ್ಟಿಗಳ ಅಧ್ಯಕ್ಷರನ್ನಾಗಿ ಅವರನ್ನೇ ಕೂರಿಸಿದಾಗ ಅಲ್ಲಿ ದೊಡ್ಡ ಗಲಾಟೆಯಾಯಿತು. ಕ್ಷಮಿಸಿ ಮುಂದೆ ಹೋಗೋಣ ಅಂದ ವಿಯೆಟ್ನಾಮಿಗಳೂ ಇದ್ದರು, ಇದು ನಮಗೆ ಅವಮಾನ ಅಂದವರೂ ಇದ್ದರು. ಕಡೆಗೆ ಆ ಸ್ಥಾನ ಬಿಟ್ಟರು. ಆ ವಿಶ್ವವಿದ್ಯಾಲಯಕ್ಕೆ ದುಡ್ಡು, ಬೆಂಬಲ ತರಲು ಅವರು ತುಂಬಾ ಓಡಾಡಿದ್ದು ನಿಜ. ಅದಕ್ಕೆ ಅಧ್ಯಕ್ಷರ ಕುರ್ಚಿಯೇ ಬೇಕಿರಲಿಲ್ಲ.